ಟ್ರಾಕ್ಟರಿನ ಸೆಲ್ಫ್ ಕೆಟ್ಟಿತೆಂದು ತೀರ್ಮಾನಿಸುವ ಮೊದಲು

ಹಳೇಬೀಡಿನ ಹೊಯ್ಸಳೇಶ್ವರ ದೇವಾಲಯದಿಂದ ಸ್ವಲ್ಪ ದೂರ ನಡೆದರೆ ಬಸ್ತಿಹಳ್ಳಿ ಸಿಗುತ್ತದೆ. ಅಲ್ಲಿಯ ಮೂರು ಜೈನ ಬಸದಿಗಳನ್ನು ನೋಡಲು ಜನ ಬರುತ್ತಾರೆ. 2024ರ ಮೇ ತಿಂಗಳ ಮೂರನೆಯ ವಾರದಲ್ಲಿ ನಾನು ಹೋದದ್ದು ಆಲೂಗೆಡ್ಡೆ ನಾಟಿ ನೋಡುವುದಕ್ಕೆ. ಕೃತ್ತಿಕಾ ಮಳೆ ಎರಡು ದಿನ ಸುರಿದು ಹೊಳವು ಕೊಟ್ಟಿತ್ತು. ಕೆಂಪು ಮಣ್ಣನ್ನು ಮುಷ್ಟಿಯಲ್ಲಿ ಅದುಮಿದರೆ ಉಂಡೆಯಾಗುತ್ತಿತ್ತು, ಕೈಬಿಟ್ಟರೆ ಒಡೆಯುತ್ತಿತ್ತು. ಸಾಲು ಹೊಡೆಯಲು ಅದಕ್ಕಿಂತ ಒಳ್ಳೆಯ ಹದ ಬೇಕಿರಲಿಲ್ಲ. ಆದರೆ ನಾನು ನೋಡಬೇಕೆಂದಿದ್ದ ಹೊಲದಲ್ಲಿ ಒಂದು ಸಾಲೂ ಬಿದ್ದಿರಲಿಲ್ಲ. ಟ್ರಾಕ್ಟರು ಮನೆಯ ಮುಂದೆಯೇ ನಿಂತಿತ್ತು. ಜಗುಲಿಯ ಮೇಲೆ, ಹಾಸನದ ಮಾರುಕಟ್ಟೆಯಿಂದ ತಂದು ಕತ್ತರಿಸಿ ಔಷಧಿ ಹಚ್ಚಿದ ಕುಫ್ರಿ ಜ್ಯೋತಿ ಬಿತ್ತನೆ ಗೆಡ್ಡೆಗಳನ್ನು ಗೋಣಿಯ ಮೇಲೆ ಹರಡಿದ್ದರು.

“ಸೆಲ್ಫ್ ಹೋಗೈತೆ ಸಾರ್, ಮೂರು ದಿನ ಆಯ್ತು. ಹೋದ್ ವರ್ಷ ಒಂದು ಹಾಕ್ಸಿದ್ದೆ. ಈಗ ಅದೂ ಹೋಯ್ತು, ಇನ್ನೊಂದು ಹೊಸದು ತರಬೇಕು ಅಂದವ್ರೆ,” ಎಂದರು ಮನೆಯ ಯಜಮಾನರು.

ಈ ಮಾತಿನ ಗಾಂಭೀರ್ಯ ಆಲೂಗೆಡ್ಡೆ ಬೆಳೆಯುವವರಿಗೆ ತಿಳಿದೀತು. ಕತ್ತರಿಸಿದ ಗೆಡ್ಡೆ ಹೆಚ್ಚು ದಿನ ಕಾಯುವ ಪದಾರ್ಥವಲ್ಲ. ಮೋಡ ಕವಿದ ಸೆಕೆಯಲ್ಲಿ ಕೊಯ್ದ ಮುಖ ಕಪ್ಪಾಗಿ ಕೊಳೆಯತೊಡಗುತ್ತದೆ. ಮೇಲ್ಮಣ್ಣಿನ ತೇವ ದಿನದಿನಕ್ಕೂ ಇಳಿಯುತ್ತದೆ. ಮುಂದಿನ ಮಳೆಗೆ ಕಾದರೆ ನಾಟಿ ಜೂನಿಗೆ ಜಾರಿ, ಗೆಡ್ಡೆ ಕಟ್ಟುವ ಕಾಲ ಜುಲೈ-ಆಗಸ್ಟಿನ ಜಡಿಮಳೆಗೆ ಸಿಕ್ಕಿ ಅಂಗಮಾರಿ ರೋಗಕ್ಕೆ ಎಡೆಯಾಗುತ್ತದೆ. ಬಾಡಿಗೆಗೆ ತರೋಣವೆಂದರೆ ಹದ ಬಂದ ವಾರದಲ್ಲಿ ಊರಿನ ಒಂದು ಟ್ರಾಕ್ಟರೂ ಬಿಡುವಾಗಿರುವುದಿಲ್ಲ. ಹದ ಬಂದಾಗ ಹರಗು, ಬೆದೆ ಬಂದಾಗ ಬಿತ್ತು ಎಂಬ ಗಾದೆ ನಮ್ಮಲ್ಲಿದೆ. ಹರಗುವ ಎತ್ತು ಹೋಗಿ ಟ್ರಾಕ್ಟರು ಬಂದಮೇಲೆ ಆ ಗಾದೆಯ ಭಾರವೆಲ್ಲ ಬಂದು ಕೂತಿರುವುದು ಎಂಜಿನಿನ ಪಕ್ಕದಲ್ಲಿರುವ ಒಂದು ಸಣ್ಣ ವಿದ್ಯುತ್ ಮೋಟಾರಿನ ಮೇಲೆ.

ನಾನು ಬೇಸಾಯಶಾಸ್ತ್ರದವನು, ಯಂತ್ರಶಾಸ್ತ್ರದವನಲ್ಲ. ಆದರೂ ಈ ವಿಷಯ ಬರೆಯುವ ಧೈರ್ಯ ಮಾಡಿರುವುದಕ್ಕೆ ಕಾರಣವಿದೆ. ಕೆಲವು ವರ್ಷಗಳ ಹಿಂದೆ ನನ್ನ ಕಾರು ಇದೇ ರೀತಿ ನಿಂತಾಗ, ಒಂದು ಕಾರ್ಯಾಗಾರದವರ ಮಾತು ನಂಬಿ ಹೊಸ ಸ್ಟಾರ್ಟರ್ ಮೋಟಾರು ಹಾಕಿಸಿದೆ. ಹದಿನೈದು ದಿನಕ್ಕೆ ಮತ್ತೆ ಅದೇ ಪಾಡು. ಕೊನೆಗೆ ಯಂತ್ರಶಾಸ್ತ್ರ ವಿಭಾಗದ ಸಹೋದ್ಯೋಗಿಯೊಬ್ಬರು ಒಂದು ಮಲ್ಟಿಮೀಟರು ಹಿಡಿದು ಬಂದು, ಬ್ಯಾಟರಿಯ ತುದಿಗೆ ಕಚ್ಚಿದ್ದ ಕಿಲುಬನ್ನು ಕೆರೆದರು, ಕಾರು ಹೊರಟಿತು. ನನ್ನ ಹಳೆಯ ಮೋಟಾರಿನಲ್ಲಿ ಯಾವ ದೋಷವೂ ಇರಲಿಲ್ಲ. ಅಂದು ಅವರಿಂದ ಕಲಿತದ್ದನ್ನು ಬಸ್ತಿಹಳ್ಳಿಯಲ್ಲಿ ಪ್ರಯೋಗಿಸಿದೆ. ಕಾರಿಗೂ ಟ್ರಾಕ್ಟರಿಗೂ ಇದರಲ್ಲಿ ತತ್ತ್ವ ಒಂದೇ. ಗಾತ್ರ ಮಾತ್ರ ಬೇರೆ.

ಈ ಮೋಟಾರು ಮಾಡುವ ಕೆಲಸ

ಡೀಸೆಲ್ ಎಂಜಿನಿನಲ್ಲಿ ಕಿಡಿ ಹಾರಿಸುವ ಪ್ಲಗ್ಗು ಇಲ್ಲ. ಸಿಲಿಂಡರಿನೊಳಗಿನ ಗಾಳಿಯನ್ನು ಹದಿನಾರು, ಹದಿನೆಂಟು ಪಟ್ಟು ಒತ್ತಿದಾಗ ಹುಟ್ಟುವ ಕಾವಿನಿಂದಲೇ ಡೀಸೆಲ್ ಹೊತ್ತಿಕೊಳ್ಳಬೇಕು. ಎಂಜಿನನ್ನು ನಿಧಾನವಾಗಿ ತಿರುಗಿಸಿದರೆ ಆ ಕಾವು ಸಿಲಿಂಡರಿನ ಗೋಡೆಗೆ ಸೋರಿಹೋಗುತ್ತದೆ. ಆದುದರಿಂದ ತಿರುಗಿಸಿದರೆ ಸಾಲದು, ಬಿರುಸಾಗಿ ತಿರುಗಿಸಬೇಕು. ಹಿಂದೆ ಇದನ್ನು ಕೈಯಿಂದ ಹ್ಯಾಂಡಲ್ ಹೊಡೆದು ಮಾಡುತ್ತಿದ್ದರು. ಎಂಜಿನು ಹಿಂದಕ್ಕೆ ಒದ್ದು ಮುಂಗೈ ಮುರಿದುಕೊಂಡವರ ಕಥೆಗಳನ್ನು ಹಳೆಯ ಲಾರಿ ಚಾಲಕರು ಹೇಳಬಲ್ಲರು. ಅಮೆರಿಕದ ಚಾರ್ಲ್ಸ್ ಕೆಟೆರಿಂಗ್ ರೂಪಿಸಿದ ವಿದ್ಯುತ್ ಸ್ಟಾರ್ಟರು 1912ರ ಕ್ಯಾಡಿಲಾಕ್ ಕಾರಿನಲ್ಲಿ ಬಂದ ಮೇಲೆ ಆ ಕಷ್ಟ ಕ್ರಮೇಣ ತಪ್ಪಿತು.

ಕೀಲಿ ತಿರುವಿದಾಗ ಒಂದು ತೆಳು ತಂತಿಯ ಮೂಲಕ ಸ್ವಲ್ಪ ವಿದ್ಯುತ್ತು ಸೊಲೆನಾಯ್ಡಿಗೆ ಹೋಗುತ್ತದೆ. ಮೋಟಾರಿನ ಬೆನ್ನ ಮೇಲೆ ಕೂತಿರುವ ಸಣ್ಣ ಡಬ್ಬಿಯೇ ಸೊಲೆನಾಯ್ಡು. ಅದರೊಳಗಿನ ಸುರುಳಿ ಅಯಸ್ಕಾಂತವಾಗಿ ಒಂದು ಕಬ್ಬಿಣದ ಗೂಟವನ್ನು ಎಳೆಯುತ್ತದೆ. ಆ ಎಳೆತದಿಂದ ಎರಡು ಕೆಲಸಗಳಾಗುತ್ತವೆ: ಮೋಟಾರಿನ ಮೂತಿಯ ಪುಟ್ಟ ಹಲ್ಲುಗಾಲಿ, ಅಂದರೆ ಪಿನಿಯನ್, ಮುಂದೆ ಸರಿದು ಎಂಜಿನಿನ ಫ್ಲೈವೀಲಿನ ಹಲ್ಲುಬಳೆಗೆ ಕಚ್ಚಿಕೊಳ್ಳುತ್ತದೆ, ಜೊತೆಗೆ ಒಳಗಿನ ತಾಮ್ರದ ತಟ್ಟೆ ಎರಡು ದಪ್ಪ ಬೋಲ್ಟುಗಳನ್ನು ಕೂಡಿಸಿ ಬ್ಯಾಟರಿಯ ಪೂರ್ಣ ಶಕ್ತಿಯನ್ನು ಮೋಟಾರಿಗೆ ಬಿಡುತ್ತದೆ. ಪಿನಿಯನ್ನಿಗೆ ಒಂಬತ್ತೋ ಹತ್ತೋ ಹಲ್ಲು, ಫ್ಲೈವೀಲಿನ ಬಳೆಗೆ ನೂರಕ್ಕೂ ಮೇಲೆ. ಹೀಗಾಗಿ ಸಣ್ಣ ಮೋಟಾರು ದೊಡ್ಡ ಎಂಜಿನನ್ನು ತಿರುಗಿಸಬಲ್ಲದು.

ಈ ಮೋಟಾರು ಎಂಜಿನನ್ನು ತಿರುಗಿಸುವಾಗ 200ರಿಂದ 400 ಆಂಪಿಯರಿನಷ್ಟು ವಿದ್ಯುತ್ತನ್ನು ಎಳೆಯುತ್ತದೆ ಎಂಬುದನ್ನು ರೈತ ಬಾಂಧವರು ವಿಶೇಷವಾಗಿ ನೆನಪಿಡಬೇಕು. ನಮ್ಮ ಮನೆಯ ದೀಪ ಅರ್ಧ ಆಂಪಿಯರನ್ನೂ ಎಳೆಯುವುದಿಲ್ಲ. ಇಷ್ಟೊಂದು ಪ್ರವಾಹ ಹರಿಯುವ ದಾರಿಯಲ್ಲಿ ಒಂದು ಓಮಿನ ನೂರನೆಯ ಒಂದು ಭಾಗ ತಡೆ ಇದ್ದರೂ, 300 ಆಂಪಿಯರಿಗೆ 3 ವೋಲ್ಟು ಅಲ್ಲೇ ನಷ್ಟ. 12 ವೋಲ್ಟಿನಲ್ಲಿ 3 ಹೋದರೆ ಉಳಿದದ್ದು ಒಂಬತ್ತು. ಕಳೆದ ಆ ಶಕ್ತಿ ಎಲ್ಲಿ ಹೋಯಿತು? ಸಡಿಲ ಕೀಲಿನಲ್ಲಿ ಶಾಖವಾಗಿ ಹೋಯಿತು: 900 ವಾಟ್, ನೀರು ಕಾಯಿಸುವ ಕಾಯಿಲಿನಷ್ಟು. ಸ್ವಲ್ಪ ಕಿಲುಬು, ಅರ್ಧ ಸುತ್ತು ಸಡಿಲವಾದ ನಟ್ಟು ಕೂಡ ಒಳ್ಳೆಯ ಮೋಟಾರನ್ನು ಸತ್ತ ಮೋಟಾರಿನಂತೆ ತೋರಿಸಬಲ್ಲವು.

ಕಿವಿ ಕೊಟ್ಟು ಕೇಳಿರಿ

ಬಸ್ತಿಹಳ್ಳಿಯಲ್ಲಿ ನಾನು ಮೊದಲು ಕೇಳಿದ ಪ್ರಶ್ನೆ, “ಕೀಲಿ ತಿರುವಿದಾಗ ಏನು ಸದ್ದು ಬರುತ್ತೆ ಯಜಮಾನ್ರೇ?” ಎಂದು. ಸದ್ದು ಅರ್ಧ ರೋಗವನ್ನು ಹೇಳಿಬಿಡುತ್ತದೆ.

ಸದ್ದೇ ಇಲ್ಲದಿದ್ದರೆ ಸೊಲೆನಾಯ್ಡಿಗೆ ತೆಳು ತಂತಿಯ ವಿದ್ಯುತ್ತು ತಲುಪುತ್ತಿಲ್ಲವೆಂದೇ ಮೊದಲು ಶಂಕಿಸಬೇಕು. ಬ್ಯಾಟರಿ ಪೂರ್ತಿ ಇಳಿದಿರಬಹುದು. ಫ್ಯೂಸು, ಕೀಲಿ ಸ್ವಿಚ್ಚು ಕೆಟ್ಟಿರಬಹುದು. ಇಲಿ ತಂತಿ ಕಡಿದಿರಬಹುದು. ಈಗಿನ ಅನೇಕ ಟ್ರಾಕ್ಟರುಗಳಲ್ಲಿ ಕ್ಲಚ್ಚು ತುಳಿಯದೆ ಅಥವಾ ಗೇರು ನ್ಯೂಟ್ರಲಿನಲ್ಲಿ ಇಲ್ಲದೆ ಸ್ಟಾರ್ಟು ಆಗದಂತೆ ಒಂದು ಸುರಕ್ಷತಾ ಸ್ವಿಚ್ಚು ಇರುತ್ತದೆ. ಅದರ ಮೇಲೆ ಕೆಸರು ಮೆತ್ತಿ ಕೂತರೂ ಇದೇ ಲಕ್ಷಣ. ಟಕಟಕಟಕ ಎಂದು ಒಂದೇ ಸಮನೆ ಬಡಿದರೆ, ಸೊಲೆನಾಯ್ಡು ಕೂಡಿಸುತ್ತಿದೆ, ಕೂಡಿಸಿದೊಡನೆ ವೋಲ್ಟೇಜು ಕುಸಿದು ಅದನ್ನು ಹಿಡಿದಿಡಲಾರದೆ ಬಿಡುತ್ತಿದೆ, ಬಿಟ್ಟೊಡನೆ ವೋಲ್ಟೇಜು ಏರಿ ಮತ್ತೆ ಕೂಡಿಸುತ್ತಿದೆ ಎಂದರ್ಥ. ಇದು ಬಹುಮಟ್ಟಿಗೆ ಬ್ಯಾಟರಿಯ ಅಥವಾ ಕೇಬಲಿನ ದೋಷ, ಮೋಟಾರಿನದಲ್ಲ. ಟಕ್ ಎಂದು ಒಂದೇ ಗಟ್ಟಿ ಸದ್ದು ಬಂದು ಸುಮ್ಮನಾದರೆ ಸೊಲೆನಾಯ್ಡಿನ ಒಳ ಸಂಪರ್ಕ ಸುಟ್ಟಿರಬಹುದು, ಕಾರ್ಬನ್ ಬ್ರಷ್ಷು ಸವೆದಿರಬಹುದು, ಅಪರೂಪಕ್ಕೆ ಎಂಜಿನೇ ಬಿಗಿದುಕೊಂಡಿರಬಹುದು. ಮೋಟಾರು ಗುಯ್ ಎಂದು ತಿರುಗಿ ಎಂಜಿನು ಅಲುಗದಿದ್ದರೆ ಪಿನಿಯನ್ನಿನ ಹಿಂದಿನ ಒಮ್ಮುಖ ಕ್ಲಚ್ಚು ಜಾರುತ್ತಿದೆ. ಕರಕರ ಅರೆದರೆ ಹಲ್ಲು ಸವೆದಿದೆ. ಹಾಗೆಯೇ ಹೊಡೆಯುತ್ತ ಹೋದರೆ ಫ್ಲೈವೀಲಿನ ಹಲ್ಲುಬಳೆಯೂ ಹಾಳಾಗಿ, ಅದನ್ನು ಬದಲಾಯಿಸಲು ಟ್ರಾಕ್ಟರನ್ನು ಎರಡು ಭಾಗ ಮಾಡಬೇಕಾದೀತು.

ಬಸ್ತಿಹಳ್ಳಿಯ ಟ್ರಾಕ್ಟರು ಒಮ್ಮೆ ಟಕಟಕ ಎನ್ನುತ್ತಿತ್ತು, ಇನ್ನೊಮ್ಮೆ ಗೊಣಗಿ ಅರ್ಧ ಸುತ್ತು ತಿರುಗಿ ನಿಲ್ಲುತ್ತಿತ್ತು.

ಮೀಟರು ಏನು ಹೇಳುತ್ತದೆ

ಸಾಧಾರಣ ಮಲ್ಟಿಮೀಟರು ಕೆಲವು ನೂರು ರೂಪಾಯಿಗೆ ಸಿಗುತ್ತದೆ. ಪಂಪುಸೆಟ್ಟು ಇರುವ ಮನೆಯಲ್ಲಿ ಅದು ಇರಲೇಬೇಕಾದ ವಸ್ತುವೆಂದು ನನ್ನ ಅಭಿಪ್ರಾಯ. ಪರೀಕ್ಷೆಗೆ ಮೊದಲು ಗೇರನ್ನು ನ್ಯೂಟ್ರಲಿಗೆ ತಂದು, ಕೈಬ್ರೇಕು ಹಾಕಿ, ಹಿಂದಿನ ಚಕ್ರಗಳಿಗೆ ಮುಂದೆ ಹಿಂದೆ ಕಲ್ಲು ಕೊಡಬೇಕು. ಎಂಜಿನು ನಿಲ್ಲಿಸುವ ಗುಬ್ಬಿಯನ್ನು ಎಳೆದಿಟ್ಟರೆ ಎಂಜಿನು ಹೊತ್ತಿಕೊಳ್ಳದೆ ಬರಿದೆ ತಿರುಗುತ್ತದೆ. ಒಬ್ಬರು ಸೀಟಿನ ಮೇಲೆಯೇ ಕೂತು ಕೀಲಿ ತಿರುವಬೇಕು, ಇನ್ನೊಬ್ಬರು ಮೀಟರು ನೋಡಬೇಕು. ಒಂದು ಸಲಕ್ಕೆ ಹತ್ತು ಸೆಕೆಂಡಿಗಿಂತ ಹೆಚ್ಚು ಹೊಡೆಯಕೂಡದು. ಮಧ್ಯೆ ಒಂದೆರಡು ನಿಮಿಷ ಮೋಟಾರು ಆರಲು ಬಿಡಬೇಕು.

ಮೊದಲು ಬ್ಯಾಟರಿ. ರಾತ್ರಿಯೆಲ್ಲ ವಿಶ್ರಾಂತಿಯಲ್ಲಿದ್ದ ಬ್ಯಾಟರಿ ಬೆಳಿಗ್ಗೆ 12.6 ವೋಲ್ಟು ತೋರಿದರೆ ತುಂಬಿದೆ, 12.2 ತೋರಿದರೆ ಸುಮಾರು ಅರ್ಧ. 12ಕ್ಕೂ ಕೆಳಗಿದ್ದರೆ ಚಾರ್ಜಿಗೆ ಹಾಕದೆ ಮುಂದಿನ ಯಾವ ಪರೀಕ್ಷೆಯೂ ವ್ಯರ್ಥ. ಆಮ್ಲ ಅಳೆಯುವ ಹೈಡ್ರೋಮೀಟರು ಇದ್ದರೆ ಆರು ಕೋಣೆಗಳನ್ನೂ ನೋಡಬೇಕು. ಒಂದು ಕೋಣೆ ಮಾತ್ರ ಉಳಿದವುಗಳಿಗಿಂತ 0.050ರಷ್ಟು ಕೆಳಗಿದ್ದರೆ ಆ ಬ್ಯಾಟರಿಯ ಆಯುಸ್ಸು ಮುಗಿಯುತ್ತ ಬಂತೆಂದು ತಿಳಿಯಬೇಕು. ಆಮೇಲೆ, ಸೆಲ್ಫ್ ಹೊಡೆಯುತ್ತಿರುವಾಗಲೇ ಬ್ಯಾಟರಿಯ ಎರಡು ತುದಿಗಳ ಮೇಲೆ ಮೀಟರು ಇಟ್ಟು ನೋಡಬೇಕು. 9.6 ವೋಲ್ಟಿಗಿಂತ ಕೆಳಗೆ ಇಳಿದರೆ ಬ್ಯಾಟರಿ ಸೋತಿದೆ, ಇಲ್ಲವೇ ಮೋಟಾರು ಒಳಗೆ ಬಿಗಿದು ಅತಿಯಾಗಿ ಎಳೆಯುತ್ತಿದೆ.

ಬಸ್ತಿಹಳ್ಳಿಯ ಬ್ಯಾಟರಿ ನಿಂತಾಗ 12.5 ತೋರಿತು, ಹೊಡೆದಾಗ 11ಕ್ಕಿಂತ ಕೆಳಗಿಳಿಯಲಿಲ್ಲ. ಯಜಮಾನರ ಮಗ, ಐಟಿಐ ಓದುತ್ತಿದ್ದ ಹುಡುಗ, “ಹಂಗಾರೆ ಬ್ಯಾಟ್ರಿ ಸರಿ ಐತೆ, ಮೋಟ್ರೇ ಹೋಗಿರದು ಅಲ್ವಾ ಸಾರ್?” ಎಂದ. ಹೆಚ್ಚಿನವರು ಎಡವುವುದು ಇಲ್ಲಿಯೇ. ಬ್ಯಾಟರಿ ಸರಿ ಇದೆ, ಮೋಟಾರು ತಿರುಗುತ್ತಿಲ್ಲ, ಆದುದರಿಂದ ಮೋಟಾರು ಕೆಟ್ಟಿದೆ ಎಂಬುದು ತರ್ಕದಂತೆ ಕಂಡರೂ ತರ್ಕವಲ್ಲ. ಬಾವಿಯಲ್ಲಿ ನೀರಿದೆ, ತೋಟದಲ್ಲಿ ನೀರಿಲ್ಲ ಎಂದರೆ ನಡುವಿನ ಕಾಲುವೆ ಒಡೆದಿರಬಹುದಲ್ಲವೇ?

ಕಾಲುವೆ ನೋಡುವ ಕ್ರಮ ಹೀಗೆ. ಮೀಟರಿನ ಒಂದು ಮೊನೆಯನ್ನು ಬ್ಯಾಟರಿಯ ಪ್ಲಸ್ ತುದಿಯ ಸೀಸದ ಮೇಲೆಯೇ ಇಡಬೇಕು, ಅದನ್ನು ಹಿಡಿದಿರುವ ಕ್ಲಾಂಪಿನ ಮೇಲಲ್ಲ. ಇನ್ನೊಂದು ಮೊನೆಯನ್ನು ದಪ್ಪ ಕೇಬಲು ಬಂದು ಸೇರುವ ಸೊಲೆನಾಯ್ಡಿನ ಬೋಲ್ಟಿನ ಮೇಲೆ ಇಡಬೇಕು. ಈಗ ಸೆಲ್ಫ್ ಹೊಡೆಸಿದರೆ ಮೀಟರು ತೋರಿಸುವುದು ಆ ಕೇಬಲಿನ ದಾರಿಯಲ್ಲಿ ನಷ್ಟವಾದ ವೋಲ್ಟು. ಅದು ಅರ್ಧ ವೋಲ್ಟು ಮೀರಬಾರದು. ನಮಗೆ 0.3 ಬಂತು, ಆ ಕೇಬಲು ಸರಿ. ಅನಂತರ ಒಂದು ಮೊನೆ ಬ್ಯಾಟರಿಯ ಮೈನಸ್ ತುದಿಯ ಮೇಲೆ, ಇನ್ನೊಂದು ಮೋಟಾರಿನ ಮೈಯಲ್ಲಿ ಬಣ್ಣವಿಲ್ಲದ ಜಾಗದ ಮೇಲೆ. ಇಲ್ಲಿ 0.3 ವೋಲ್ಟಿಗಿಂತ ಹೆಚ್ಚಿರಕೂಡದು. ನಮಗೆ ಬಂದದ್ದು 3.4.

ಮೋಟಾರಿಗೆ ಹೋದ ವಿದ್ಯುತ್ತು ಬ್ಯಾಟರಿಗೆ ಹಿಂದಿರುಗಲೂ ಒಂದು ದಾರಿ ಬೇಕು, ಅದೇ ಅರ್ತ್. ಪ್ಲಸ್ ಕೇಬಲಿನ ಮೇಲೆ ಎಲ್ಲರ ಕಣ್ಣೂ ಇರುತ್ತದೆ. ಮೈನಸ್ ಕೇಬಲು ಎಲ್ಲೋ ಕೆಳಗೆ ಚಾಸಿಗೆ ಒಂದು ಬೋಲ್ಟಿನಿಂದ ಬಿಗಿದುಕೊಂಡು ಯಾರ ಲಕ್ಷ್ಯಕ್ಕೂ ಬಾರದೆ ಇರುತ್ತದೆ. ಆ ಬೋಲ್ಟನ್ನು ಕಳಚಿ ನೋಡಿದೆವು. ಹಿಂದಿನ ವರ್ಷ ಕ್ಲಚ್ಚಿನ ಕೆಲಸವಾದಾಗ ಟ್ರಾಕ್ಟರಿಗೆ ಬಣ್ಣವನ್ನೂ ಹೊಡೆಸಿದ್ದರಂತೆ. ಬಣ್ಣದ ಮೇಲೆಯೇ ಕೇಬಲಿನ ಕಿವಿಯನ್ನು ಇಟ್ಟು ಬಿಗಿದಿದ್ದರು. ಬೋಲ್ಟಿನ ಎಳೆಗಳ ಮೂಲಕ ಅಷ್ಟಿಷ್ಟು ವಿದ್ಯುತ್ತು ಹರಿಯುತ್ತಿತ್ತು; ಒಂದು ಮಳೆಗಾಲ ಕಳೆದು ತುಕ್ಕು ಹಿಡಿದಮೇಲೆ ಅದೂ ನಿಂತಿತು. ಹುಡುಗ ಅರದಿಂದ ಬಣ್ಣ ಕೆರೆದು ಕಬ್ಬಿಣವನ್ನು ಬೆಳ್ಳಗೆ ಮಾಡಿದ. ಕೇಬಲಿನ ಕಿವಿಯನ್ನು ಉಪ್ಪುಕಾಗದದಿಂದ ತಿಕ್ಕಿ, ಹಲ್ಲಿನ ವಾಷರು ಹಾಕಿ ಬಿಗಿದು, ಮೇಲೆ ವ್ಯಾಸಲಿನ್ ಸವರಿದೆವು. ಎಂಜಿನು ಎರಡನೆಯ ಸುತ್ತಿಗೆ ಹೊತ್ತಿಕೊಂಡಿತು. ಎಲ್ಲ ಸೇರಿ ಮುಕ್ಕಾಲು ಗಂಟೆ.

ಅಂದು ಸಂಜೆಯೇ ಸಾಲು ಹೊಡೆದು ನಾಟಿ ಶುರುವಾಯಿತು. ಗೆಡ್ಡೆಗಳಲ್ಲಿ ಕೊಳೆತವನ್ನು ಆರಿಸಿ ತೆಗೆಯುವಾಗ ಯಜಮಾನರು ಏನೂ ಮಾತಾಡಲಿಲ್ಲ. ಎರಡು ಎಕರೆಗೆಂದು ತಂದದ್ದರಲ್ಲಿ ಕೊನೆಯ ಕೆಲವು ಸಾಲುಗಳಿಗೆ ಬೀಜ ಸಾಲದೆ ಹೋಯಿತು.

ಸ್ಕ್ರೂಡ್ರೈವರಿನ ಅಭ್ಯಾಸ

ಇಲ್ಲಿ ಒಂದು ವಿಷಯವನ್ನು ಕಟುವಾಗಿಯೇ ಹೇಳಬೇಕಾಗಿದೆ. ಮೋಟಾರಿನ ಎರಡು ಬೋಲ್ಟುಗಳ ತುದಿ ಕರಗಿ ಕಪ್ಪಾಗಿದ್ದುದನ್ನು ನಾನು ಗಮನಿಸಿದೆ. ಕೇಳಿದಾಗ, ಸೆಲ್ಫ್ ತೆಗೆದುಕೊಳ್ಳದಿದ್ದಾಗ ಕೆಳಗೆ ನಿಂತು ದೊಡ್ಡ ಸ್ಕ್ರೂಡ್ರೈವರನ್ನು ಅಡ್ಡ ಇಟ್ಟು ಕಿಡಿ ಹಾರಿಸಿ ಸ್ಟಾರ್ಟು ಮಾಡುತ್ತಿದ್ದುದಾಗಿ ಹುಡುಗ ಸಂಕೋಚದಿಂದ ಒಪ್ಪಿಕೊಂಡ. ಈ ಅಭ್ಯಾಸ ನಮ್ಮ ಹಳ್ಳಿಗಳಲ್ಲಿ ಅಪರೂಪವೇನಲ್ಲ.

ಟ್ರಾಕ್ಟರಿನ ಸ್ಟಾರ್ಟರು ಸಾಮಾನ್ಯವಾಗಿ ಎಂಜಿನಿನ ಪಕ್ಕದಲ್ಲಿ, ಹಿಂದಿನ ದೊಡ್ಡ ಚಕ್ರದ ಮುಂದುಗಡೆ ಇರುತ್ತದೆ. ಸ್ಕ್ರೂಡ್ರೈವರು ಹಿಡಿದವನು ನಿಲ್ಲುವುದು ಮುಂದಿನ ಚಕ್ರಕ್ಕೂ ಹಿಂದಿನ ಚಕ್ರಕ್ಕೂ ನಡುವೆ. ಕೀಲಿಯಿಂದ ಹೊಡೆದರೆ ಕೆಲಸ ಮಾಡುವ ಸುರಕ್ಷತಾ ಸ್ವಿಚ್ಚು, ಹೀಗೆ ಹೊಡೆದಾಗ ಲೆಕ್ಕಕ್ಕೇ ಬರುವುದಿಲ್ಲ. ಟ್ರಾಕ್ಟರು ಗೇರಿನಲ್ಲಿದ್ದರೆ ಮೋಟಾರು ತಿರುಗಿದ ಕ್ಷಣದಿಂದಲೇ ಅದು ಮುಂದೆ ಚಲಿಸುತ್ತದೆ. ಎಂಜಿನು ಹೊತ್ತಿಕೊಂಡ ಮೇಲಂತೂ ಹಿಂದೆ ಸರಿಯಲು ಸಮಯವೇ ಇರುವುದಿಲ್ಲ. ಆಳೆತ್ತರದ ಹಿಂದಿನ ಚಕ್ರ ಮೈಮೇಲೆ ಹಾಯುತ್ತದೆ. ಟ್ರಾಕ್ಟರು ಬಳಸುವ ಎಲ್ಲ ದೇಶಗಳಲ್ಲೂ ಹೀಗೆ ಸತ್ತವರಿದ್ದಾರೆ. ಅವರಲ್ಲಿ ಹೊಸಬರಿಗಿಂತ ಪಳಗಿದವರೇ ಹೆಚ್ಚಿರಬಹುದೆಂದು ನನ್ನ ಊಹೆ, ಏಕೆಂದರೆ ಹೊಸಬನಿಗೆ ಈ ಉಪಾಯ ಗೊತ್ತಿರುವುದಿಲ್ಲ. ನ್ಯೂಟ್ರಲಿನಲ್ಲಿ ಇದೆಯೆಂದು ನೂರು ಸಲ ನೋಡಿದವನು ನೂರ ಒಂದನೆಯ ಸಲ ಮರೆಯುತ್ತಾನೆ. ಹದ ಆರುತ್ತಿದೆ ಎಂಬ ಆತುರದಲ್ಲಿ ಮರೆಯುವುದು ಇನ್ನೂ ಸುಲಭ. ಇದಲ್ಲದೆ ಚಾರ್ಜಾಗುವ ಬ್ಯಾಟರಿಯಿಂದ ಜಲಜನಕ ಅನಿಲ ಹೊರಡುತ್ತಿರುತ್ತದೆ, ಅದರ ಸಮೀಪ ಕಿಡಿ ಹಾರಿದರೆ ಬ್ಯಾಟರಿ ಸಿಡಿದು ಆಮ್ಲ ಕಣ್ಣಿಗೆ ಹಾರೀತು. ಏನೇ ಅವಸರವಿರಲಿ, ಸ್ಟಾರ್ಟು ಮಾಡುವುದಿದ್ದರೆ ಸೀಟಿನ ಮೇಲೆ ಕೂತೇ ಮಾಡತಕ್ಕದ್ದು.

ಇಳಿಜಾರಿನಲ್ಲಿ ನಿಲ್ಲಿಸಿ ಬೆಳಿಗ್ಗೆ ಉರುಳಿಸಿ ಸ್ಟಾರ್ಟು ಮಾಡುವುದೂ ಅಂಥದೇ ಇನ್ನೊಂದು ಅಭ್ಯಾಸ. ಒಂದು ದಿನಕ್ಕೆ ಸರಿ. ಅದನ್ನೇ ವರ್ಷಗಟ್ಟಲೆ ನಡೆಸಿಕೊಂಡು ಬರುವವರನ್ನು ನೋಡಿದ್ದೇನೆ. ಒಂದು ದಿನ ಕಲ್ಲು ಜಾರಿ ಟ್ರಾಕ್ಟರು ತಾನೇ ಹೊರಟರೆ ಎದುರಿಗೆ ಮಕ್ಕಳಿರಬಹುದು.

ಮೋಟಾರೇ ಕೆಟ್ಟಾಗ

ಬಸ್ತಿಹಳ್ಳಿಯ ಕಥೆ ಅಲ್ಲಿಗೆ ಮುಗಿಯಲಿಲ್ಲ. ಹನ್ನೆರಡು ದಿನಗಳ ಅನಂತರ ಹುಡುಗ ದೂರವಾಣಿ ಮಾಡಿದ. “ಈಗ ಟಕ್ ಅಂತ ಒಂದೇ ಸದ್ದು ಸಾರ್, ಆಮೇಲೆ ಏನೂ ಇಲ್ಲ. ಅರ್ತ್ ನೋಡ್ದೆ, 0.1 ಐತೆ.”

ಇಲ್ಲಿ ಒಂದು ಸೂಕ್ಷ್ಮವಿದೆ. ದಾರಿಯ ನಷ್ಟ ಕಾಣಿಸುವುದು ವಿದ್ಯುತ್ತು ಹರಿಯುತ್ತಿದ್ದಾಗ ಮಾತ್ರ. ಮೋಟಾರು ಏನನ್ನೂ ಎಳೆಯದಿದ್ದರೆ ಕೆಟ್ಟ ಕೇಬಲೂ ಸೊನ್ನೆ ತೋರಿಸುತ್ತದೆ. ಆದುದರಿಂದ ಇನ್ನೊಂದು ಪರೀಕ್ಷೆ ಬೇಕು. ಸೊಲೆನಾಯ್ಡಿನಲ್ಲಿ ಎರಡು ದಪ್ಪ ಬೋಲ್ಟುಗಳಿರುತ್ತವೆ: ಒಂದಕ್ಕೆ ಬ್ಯಾಟರಿಯ ಕೇಬಲು, ಇನ್ನೊಂದರಿಂದ ಮೋಟಾರಿನೊಳಕ್ಕೆ ಗಿಡ್ಡನೆಯ ಪಟ್ಟಿ. ಕೀಲಿ ತಿರುವಿ ಟಕ್ ಎಂದಾಗ ಎರಡರಲ್ಲೂ ವೋಲ್ಟೇಜು ಇರಬೇಕು. ಮೊದಲನೆಯದರಲ್ಲಿ 12 ಇದ್ದು ಎರಡನೆಯದರಲ್ಲಿ ಇಲ್ಲದಿದ್ದರೆ ಸೊಲೆನಾಯ್ಡಿನ ಒಳಗಿನ ತಾಮ್ರ ಸುಟ್ಟಿದೆ. ಅದೊಂದನ್ನೇ ಬದಲಾಯಿಸಿದರೆ ಸಾಕಾಗುತ್ತದೆ. ಎರಡರಲ್ಲೂ ಇದ್ದು ಮೋಟಾರು ತಿರುಗದಿದ್ದರೆ, ಆಗ ಮಾತ್ರ ದೋಷ ಮೋಟಾರಿನೊಳಗಿದೆ. ಹುಡುಗನಿಗೆ ಎರಡರಲ್ಲೂ 12ರ ಆಸುಪಾಸು ಬಂತು. ಎಂಜಿನೇ ಬಿಗಿದಿಲ್ಲವೆಂದು ಖಾತ್ರಿಪಡಿಸಿಕೊಳ್ಳಲು ಮುಂದಿನ ಪುಲ್ಲಿಯ ನಟ್ಟಿಗೆ ಸ್ಪ್ಯಾನರು ಹಾಕಿ ಕೈಯಿಂದ ತಿರುಗಿಸಿ ನೋಡಿದ, ತಿರುಗಿತು. ಈ ಸಲ ಮೋಟಾರು ನಿಜವಾಗಿಯೂ ಹೋಗಿತ್ತು.

ಬಿಚ್ಚುವಾಗ ಮೊಟ್ಟಮೊದಲು ಬ್ಯಾಟರಿಯ ಮೈನಸ್ ಕೇಬಲು ಕಳಚಬೇಕು. ಪ್ಲಸ್ ಬಿಚ್ಚುವಾಗ ಸ್ಪ್ಯಾನರು ಚಾಸಿಗೆ ತಗುಲಿದರೆ ಆಗುವ ಅನಾಹುತ ಇದರಿಂದ ತಪ್ಪುತ್ತದೆ. ಅನಂತರ ಸೊಲೆನಾಯ್ಡಿನ ತಂತಿಗಳನ್ನು ಎಲ್ಲಿಯದು ಎಲ್ಲಿಗೆ ಎಂದು ಗುರುತು ಮಾಡಿ, ಆಗದಿದ್ದರೆ ಫೋನಿನಲ್ಲಿ ಚಿತ್ರ ತೆಗೆದು, ಬಿಚ್ಚಬೇಕು. ಮೋಟಾರನ್ನು ಹಿಡಿದಿರುವುದು ಎರಡು ಅಥವಾ ಮೂರು ಬೋಲ್ಟುಗಳು. ಕೊನೆಯ ಬೋಲ್ಟು ಸಡಿಲಿಸುವಾಗ ಇನ್ನೊಂದು ಕೈ ಮೋಟಾರಿನ ಅಡಿಯಲ್ಲಿರಲಿ. ಕೈಬೆರಳಿನ ಮೇಲೆ ಬಿದ್ದರೆ ಸುಮ್ಮನೆ ಬಿಡುವ ತೂಕವಲ್ಲ. ನಡುವೆ ತೆಳುವಾದ ತಗಡಿನ ತುಂಡುಗಳು ಸಿಕ್ಕಿದರೆ ಅವನ್ನು ಹಾಗೆಯೇ ಎತ್ತಿಡಬೇಕು: ಪಿನಿಯನ್ನಿಗೂ ಹಲ್ಲುಬಳೆಗೂ ನಡುವಿನ ಅಂತರ ಹೊಂದಿಸಲು ಇಟ್ಟವು ಅವು. ಮೋಟಾರು ಹೊರಬಂದ ಕಿಂಡಿಯಲ್ಲಿ ಬೆಳಕು ಬಿಟ್ಟು, ಎಂಜಿನನ್ನು ಕೈಯಿಂದ ಒಂದು ಪೂರ್ತಿ ಸುತ್ತು ತಿರುಗಿಸುತ್ತ ಹಲ್ಲುಬಳೆಯ ಎಲ್ಲ ಹಲ್ಲುಗಳನ್ನೂ ನೋಡಬೇಕು. ಎಂಜಿನು ನಿಲ್ಲುವಾಗ ಸಾಮಾನ್ಯವಾಗಿ ಕೆಲವೇ ಜಾಗಗಳಲ್ಲಿ ಬಂದು ನಿಲ್ಲುವುದರಿಂದ ಆ ಜಾಗದ ಹಲ್ಲುಗಳು ಹೆಚ್ಚು ಸವೆದಿರುತ್ತವೆ.

ಹಳೆಯ ಮೋಟಾರನ್ನು ಹಳೇಬೀಡಿನ ಆಟೋ ಎಲೆಕ್ಟ್ರೀಷಿಯನ್ ಒಬ್ಬರ ಬಳಿ ಬಿಚ್ಚಿಸಿದಾಗ ನಾನೂ ಇದ್ದೆ. ನಾಲ್ಕು ಕಾರ್ಬನ್ ಬ್ರಷ್ಷುಗಳಲ್ಲಿ ಎರಡು ಬುಡಕ್ಕೆ ಬಂದಿದ್ದವು. ಬ್ರಷ್ಷು ಅರ್ಧಕ್ಕಿಂತ ಗಿಡ್ಡವಾದರೆ ಸ್ಪ್ರಿಂಗು ಅದನ್ನು ಸರಿಯಾಗಿ ಒತ್ತಲಾರದು. ಅಷ್ಟೇ ಆಗಿದ್ದರೆ ಬ್ರಷ್ಷು ಬದಲಾಯಿಸಿ, ಎರಡು ಕೊನೆಯ ಬುಷ್ಷು ಹಾಕಿ ಇನ್ನಷ್ಟು ವರ್ಷ ಓಡಿಸಬಹುದಿತ್ತು. ಆದರೆ ಬ್ರಷ್ಷು ಕೂರುವ ತಾಮ್ರದ ಉರುಳೆ, ಅಂದರೆ ಕಮ್ಯುಟೇಟರು, ಸುಟ್ಟು ಕಪ್ಪಾಗಿ, ಅದರ ಎರಡು ಪಟ್ಟಿಗಳು ಬೆಸುಗೆ ಬಿಟ್ಟು ಮೇಲೆದ್ದಿದ್ದವು. ಒಂದು ವರ್ಷ ಪೂರ್ತಿ ಅರ್ತ್ ಸರಿಯಿಲ್ಲದೆ, ಕಡಿಮೆ ವೋಲ್ಟಿನಲ್ಲಿ ನಿಧಾನವಾಗಿ ತಿರುಗುತ್ತ, ಪ್ರತಿಸಲವೂ ಅರ್ಧ ನಿಮಿಷ ಗೊಣಗಿದ ಮೋಟಾರು ಒಳಗೊಳಗೇ ಬೆಂದಿತ್ತು. ಹೋದ ವರ್ಷ ಹಾಕಿದ ಹೊಸ ಮೋಟಾರನ್ನು ಕೊಂದದ್ದು ಹಳೆಯ ರೋಗವೇ.

ಕಮ್ಯುಟೇಟರು ಬರೇ ಒರಟಾಗಿದ್ದರೆ ಅದನ್ನು ಲೇತಿಗೆ ಹಾಕಿ ನುಣುಪು ಮಾಡಬಹುದು. ಬಸ್ತಿಹಳ್ಳಿಯಲ್ಲಿ ಈ ಮಾತು ಹೇಳುವಾಗ 1133ರಲ್ಲಿ ಕಟ್ಟಿದ ಪಾರ್ಶ್ವನಾಥ ಬಸದಿಯ ಕಂಬಗಳು ನೆನಪಾಗದಿರವು. ಮುಖ ಕಾಣುವಷ್ಟು ನುಣುಪಾದ ಆ ಕಲ್ಲನ್ನು ಕಡೆದವರಿಗೆ ಗುಂಡಗಿನ ವಸ್ತುವಿನ ನಿಯಮ ಚೆನ್ನಾಗಿ ತಿಳಿದಿತ್ತು. ಕೈಯಿಂದ ತಿಕ್ಕುವುದಾದರೆ ಉಪ್ಪುಕಾಗದ ಬಳಸಬೇಕು. ಎಮರಿ ಕಾಗದ ಕೂಡದು, ಅದರ ಪುಡಿ ವಿದ್ಯುತ್ತನ್ನು ಹಾಯಿಸಿ ಪಟ್ಟಿಗಳ ನಡುವೆ ಸೇತುವೆಯಾಗುತ್ತದೆ.

ಬದಲಿ ಮೋಟಾರು ತರುವಾಗ ಹಳೆಯದನ್ನು ಅಂಗಡಿಗೆ ಒಯ್ಯುವುದೇ ಲೇಸು. ಪಿನಿಯನ್ನಿನ ಹಲ್ಲಿನ ಎಣಿಕೆ, ತಿರುಗುವ ದಿಕ್ಕು, ಬೋಲ್ಟಿನ ತೂತುಗಳ ಅಂತರ, ಮೂತಿಯ ಉದ್ದ, 12 ವೋಲ್ಟು ಎಂಬ ಗುರುತು, ಇವೆಲ್ಲ ತಾಳೆಯಾಗಬೇಕು. ಮೇಲ್ನೋಟಕ್ಕೆ ಒಂದೇ ರೀತಿ ಕಂಡು ಒಂದು ಹಲ್ಲು ಹೆಚ್ಚಿದ್ದರೂ ಹಲ್ಲುಬಳೆ ತಿಂದುಹೋಗುತ್ತದೆ. ಕೂರಿಸುವ ಮುನ್ನ ಅಂಗಡಿಯಲ್ಲಿಯೇ ಗಟ್ಟಿಯಾಗಿ ಗಿರಾಣಿಗೆ ಕಚ್ಚಿಸಿ ಕೆಲವೇ ಸೆಕೆಂಡು ತಿರುಗಿಸಿ ನೋಡಿಸಿರಿ. ನೆಲದ ಮೇಲಿಟ್ಟು ತಂತಿ ಕೊಟ್ಟರೆ ಮೋಟಾರು ನೆಗೆದು ಕಾಲಿಗೆ ಬೀಳುತ್ತದೆ. ಹೊಸದಕ್ಕೆ ಸುಂದರವಾಗಿ ಬಣ್ಣ ಬಳಿದಿರುತ್ತಾರೆ. ಎಂಜಿನಿಗೆ ತಾಗುವ ಮುಖದ ಬಣ್ಣವನ್ನು ಕೆರೆದು ತೆಗೆಯಬೇಕು, ಏಕೆಂದರೆ ಮೋಟಾರಿನ ಅರ್ತ್ ಆ ಮುಖದ ಮೂಲಕವೇ ಹರಿಯುವುದು. ಬೋಲ್ಟುಗಳನ್ನು ಒಂದಾದಮೇಲೊಂದರಂತೆ ಸಮವಾಗಿ ಬಿಗಿದು, ತಂತಿಗಳನ್ನು ಕೂಡಿಸಿ, ಬ್ಯಾಟರಿಯ ಮೈನಸ್ ಕೇಬಲನ್ನು ಕಟ್ಟಕಡೆಗೆ ಸೇರಿಸಬೇಕು. ಹೊಸ ಮೋಟಾರು ಹಾಕಿದೊಡನೆ ಹಿಂದೆ ಹೇಳಿದ ಎರಡು ನಷ್ಟಗಳನ್ನು ಮತ್ತೊಮ್ಮೆ ಅಳೆದು ಕೀಲಿಯ ಪಕ್ಕದಲ್ಲಿಯೋ ಲೆಕ್ಕದ ಪುಸ್ತಕದಲ್ಲಿಯೋ ಬರೆದಿಡುವುದು ಒಳ್ಳೆಯದು. ಮುಂದಿನ ವರ್ಷ ಅಳೆದಾಗ ಏರಿದ್ದರೆ ಎಲ್ಲೋ ಕಿಲುಬು ಕೂರುತ್ತಿದೆ ಎಂದು ಗೊತ್ತಾಗುತ್ತದೆ.

ನಿತ್ಯದ ಜೋಪಾನದಲ್ಲಿ ಹೇಳುವಂಥದು ಸ್ವಲ್ಪವೇ. ಬ್ಯಾಟರಿಯ ತುದಿಗಳಿಗೆ ಬಿಳಿ-ಹಸಿರು ಪುಡಿ ಕಂಡರೆ ಬಿಸಿನೀರಿಗೆ ಅಡುಗೆ ಸೋಡಾ ಕದಡಿ ತೊಳೆಯಬೇಕು, ಸೋಡಾ ನೀರು ಬ್ಯಾಟರಿಯೊಳಕ್ಕೆ ಇಳಿಯದಂತೆ ನೋಡಿಕೊಳ್ಳಬೇಕು. ಫ್ಯಾನಿನ ಬೆಲ್ಟು ಸಡಿಲವಾದರೆ ಬ್ಯಾಟರಿ ತುಂಬುವುದಿಲ್ಲ; ಎಂಜಿನು ಓಡುವಾಗ ಬ್ಯಾಟರಿಯ ಮೇಲೆ ಸುಮಾರು 14 ವೋಲ್ಟು ಬರುತ್ತಿರಬೇಕು. ಗದ್ದೆ ಕೆಸರು ಮಾಡಿ ಬಂದಮೇಲೆ ಒತ್ತಡದ ನೀರನ್ನು ನೇರವಾಗಿ ಮೋಟಾರಿಗೆ ಹಿಡಿಯಬಾರದು. ಈ ಎಲ್ಲ ಪರೀಕ್ಷೆಗೆ ಸರಿಯಾದ ಕಾಲ ಏಪ್ರಿಲ್, ಭರಣಿ ಮಳೆಗೆ ಮೊದಲು, ಟ್ರಾಕ್ಟರು ನೆರಳಿನಲ್ಲಿ ನಿಂತಿರುವಾಗ.

ಕಳಚಿದ ಹಳೆಯ ಮೋಟಾರನ್ನು ಗುಜರಿಗೆ ಹಾಕುವ ಮೊದಲು ಕೇಳಿ ನೋಡಿರಿ. ಅನೇಕ ಅಂಗಡಿಗಳವರು ಅದನ್ನು ತೆಗೆದುಕೊಂಡು ಹೊಸದರ ಬೆಲೆಯಲ್ಲಿ ಮುರಿದುಕೊಳ್ಳುತ್ತಾರೆ. ಬಸ್ತಿಹಳ್ಳಿಯ ಹುಡುಗ ಮಾತ್ರ ಕೊಡಲಿಲ್ಲ. ಬಿಚ್ಚಿದ ಆರ್ಮೇಚರನ್ನು ತನ್ನ ಐಟಿಐ ತರಗತಿಗೆ ತೋರಿಸಲೆಂದು ಚೀಲಕ್ಕೆ ಹಾಕಿಕೊಂಡು ಹೋದ.